ಮದುವೆ ಕ್ಯಾಸೆಟ್‌ನಲ್ಲಿ ಸಿಕ್ಕ ಕೆಜಿಎಫ್ ಗಣಿ

ಕೆಜಿಎಫ್ ಚಿನ್ನದ ಗಣಿಯ ಡಾಕ್ಯುಮೆಂಟರಿಗೆ ಮದುವೆ ಕ್ಯಾಸೆಟ್ ಬಳಸುತ್ತೇನೆ ಅಂದಾಗ ಗೆಳೆಯರು ಯಾರೂ ಒಪ್ಪಲಿಲ್ಲ. ಆ ಕಾಲದ ವಿಡಿಯೋ ಕ್ಯಾಸೆಟ್, ಅಂದರೆ ವಿಎಚ್‌ಎಸ್, ದೊಡ್ಡ ಪರದೆಗೆ ನಿಲ್ಲಲ್ಲ ಅಂದರು. ಈಗ ನನ್ನ ಐವತ್ತು ನಿಮಿಷದ ಚಿತ್ರದಲ್ಲಿ ಹನ್ನೆರಡು ನಿಮಿಷದಷ್ಟು ಅದೇ ಇದೆ. ಕೆಜಿಎಫ್‌ನ ರಾಬರ್ಟ್‌ಸನ್‌ಪೇಟೆಯಲ್ಲಿ ತೋರಿಸಿದಾಗ ಜನ ತಮ್ಮವರನ್ನು ಹೆಸರು ಹಿಡಿದು ಗುರುತಿಸಿದರು.

ಮೊದಲು ಹೊರದೇಶದ ಒಂದು ಹಳೆಯ ಫಿಲ್ಮ್‌ಗಳ ಸಂಗ್ರಹವನ್ನು ಕೇಳಿದ್ದೆ. ಸೆಕೆಂಡಿಗೆ ಐದಾರು ಸಾವಿರ ಅಂದರು. ಅಷ್ಟು ಕೊಟ್ಟರೂ ಸಿಗುವುದು ಸಾಹೇಬರ ಕಾಲದ ಗಣಿ. ನನಗೆ ಬೇಕಿದ್ದದ್ದು 2001ರ ಫೆಬ್ರವರಿ 28ರಂದು ಬಿಜಿಎಂಎಲ್ (ಭಾರತ್ ಗೋಲ್ಡ್ ಮೈನ್ಸ್) ಗಣಿ ಮುಚ್ಚುವ ಮುಂಚಿನ ಹತ್ತಿಪ್ಪತ್ತು ವರ್ಷ. ಆಗ ಕ್ಯಾಮೆರಾ ಹಿಡಿದು ಬೀದಿ ಸುತ್ತಿದವರು ಮದುವೆ ವಿಡಿಯೋದವರೇ ಅಲ್ವಾ? ಚಾಂಪಿಯನ್ ರೀಫ್ಸ್‌ನ ಲೈನ್ ಮನೆಗಳ ಮುಂದೆ ಮೆರವಣಿಗೆ ಹೋಗುತ್ತದೆ, ಹಿಂದೆ ಗಣಿಗೆ ಇಳಿಯುವ ಬಾವಿಯ, ಅಂದರೆ ಶಾಫ್ಟ್‌ನ, ಚಕ್ರ ತಿರುಗುತ್ತಿರುತ್ತದೆ!

ಬೆಂಗಳೂರಿನ ಎಸ್.ಪಿ. ರಸ್ತೆಯಲ್ಲಿ ನಾಲ್ಕು ಸಾವಿರಕ್ಕೆ ಸಿಕ್ಕ, ಕ್ಯಾಸೆಟ್ ಓಡಿಸುವ ವಿಸಿಆರ್ ಬೇಗನೇ ಒಂದು ಮನೆಯವರ ಟೇಪನ್ನು ನುಂಗಿತು. ಕತ್ತರಿಸಿ ಅಂಟಿಸಿದರೂ ತಾಳಿ ಕಟ್ಟುವ ಭಾಗ ಹೋಯಿತು. ಆಮೇಲೆ ಹದಿನೈದು ಸಾವಿರದ ಹತ್ತಿರ ಕೊಟ್ಟು ಎಸ್-ವಿಎಚ್‌ಎಸ್ ಡೆಕ್, ಅಂದರೆ ಇನ್ನೂ ಒಳ್ಳೆಯ ದರ್ಜೆಯ ವಿಸಿಆರ್, ತಂದೆ. ಬೂಷ್ಟು ಹಿಡಿದ ಟೇಪನ್ನು ನೇರವಾಗಿ ಇದಕ್ಕೆ ಹಾಕಲಿಲ್ಲ, ಹಳೇ ವಿಸಿಆರ್‌ನಲ್ಲಿ ಒರೆಸಿ ಸುತ್ತಿಕೊಂಡ ಮೇಲೆಯೇ ಹಾಕಿದ್ದು. ಡೆಕ್‌ಗೂ ಕಂಪ್ಯೂಟರ್‌ಗೂ ಮಧ್ಯೆ ಒಂದು ಹಳೆಯ ಡಿವಿಡಿ ರೆಕಾರ್ಡರ್ ಕೂರಿಸಿದ ಮೇಲೆ ಗೆರೆಗಳ ನಡುಕ ನಿಂತಿತು. ಮಾಡೆಲ್ ಯಾವುದು ಅಂತ ಹೇಳಲ್ಲ, ನಾನೇ ಇನ್ನೊಂದು ಹುಡುಕುತ್ತಿದ್ದೇನೆ.

ವಿಎಚ್‌ಎಸ್‌ಗೆ ಕೆಟ್ಟ ಹೆಸರು ಬರುವುದು ಅರ್ಧ ಎಡಿಟ್‌ನಲ್ಲೇ. ಟೇಪಿನ ಒಂದೊಂದು ಫ್ರೇಮ್‌ನಲ್ಲೂ ಎರಡು ಫೀಲ್ಡ್, ಅಂದರೆ ಗೆರೆ ಬಿಟ್ಟು ಗೆರೆಯ ಎರಡು ಅರ್ಧ ಚಿತ್ರ ಇರುತ್ತವೆ. ಅದರಲ್ಲಿ ಒಂದು ಫೀಲ್ಡ್ ಬಿಸಾಕಿ ಸೆಕೆಂಡಿಗೆ 25 ಫ್ರೇಮ್ ಮಾಡಿಬಿಡುತ್ತಾರೆ. ಪಾಲ್‌ನ (ನಮ್ಮ ದೇಶದ ಟಿವಿ ಪದ್ಧತಿ) 50 ಫೀಲ್ಡ್‌ಗಳನ್ನೂ 50 ಫ್ರೇಮ್ ಮಾಡಿ ನೋಡಿ, ಚಕ್ರ ನಯವಾಗಿ ತಿರುಗುತ್ತದೆ. ಹಳೇ ಟಿವಿಯ 4:3 ಅಗಲ-ಎತ್ತರ ಹಾಗೇ ಇರಲಿ. ಪರದೆ ತುಂಬಿಸಲು ಮೇಲೆ ಕೆಳಗೆ ಕತ್ತರಿಸಿದರೆ ಮೊದಲು ಹೋಗುವುದೇ ಆ ಚಕ್ರ.

ಎಐನಿಂದ ಚಿತ್ರ ದೊಡ್ಡದು ಮಾಡಿ ಸ್ಪಷ್ಟಗೊಳಿಸುವ ಅಪ್‌ಸ್ಕೇಲಿಂಗ್ ಕೂಡ ನೋಡಿದೆ. ಗಣಿ ಕಾರ್ಮಿಕರ ಮುಖವೆಲ್ಲ ಮೇಣದ ಗೊಂಬೆ ಆಯಿತು. ಬಿಟ್ಟೆ. ಒಂದು ಆಂಗ್ಲೋ-ಇಂಡಿಯನ್ ಮನೆಯಲ್ಲಿ ಸೂಪರ್ 8 ರೀಲ್ (ಮನೆಮಂದಿ ತೆಗೆಯುತ್ತಿದ್ದ ಸಣ್ಣ ಫಿಲ್ಮ್) ಸಿಕ್ಕಿತು, ಡಬ್ಬ ತೆಗೆದರೆ ವಿನೆಗರ್ ವಾಸನೆ. ಪ್ರೊಜೆಕ್ಟರ್‌ನಿಂದ ಗೋಡೆಗೆ ಬಿಟ್ಟು ಶೂಟ್ ಮಾಡಿದರೆ ಸುಮ್ನೆ ಮಿಣುಕಾಟ. ಫ್ರೇಮ್ ಫ್ರೇಮ್ ಸ್ಕ್ಯಾನ್ ಮಾಡಿಸಿ ಸೆಕೆಂಡಿಗೆ 18 ಫ್ರೇಮ್ ವೇಗಕ್ಕೆ ಇಟ್ಟಾಗಲೇ ಜನ ಜನರಂತೆ ನಡೆದರು. ಮೂರು ನಿಮಿಷಕ್ಕೆ ಎರಡು ಸಾವಿರದ ಮೇಲಾಯಿತು.

ದೊಡ್ಡ ತಲೆನೋವು ಸೌಂಡ್. ಎಲ್ಲ ಕ್ಯಾಸೆಟ್‌ಗೂ ಸಿನಿಮಾ ಹಾಡು ಹಾಕಿರುತ್ತಾರೆ. ಅದನ್ನು ಬಳಸಿದರೆ ಹಾಡಿನ ಹಕ್ಕಿನ ದುಡ್ಡೇ ಚಿತ್ರಕ್ಕಿಂತ ಜಾಸ್ತಿ. ಅದಕ್ಕೇ ಸ್ಟುಡಿಯೋದವರ ಹತ್ತಿರ ಹಾಡು ಹಾಕುವ ಮುಂಚಿನ ಮಾಸ್ಟರ್ ಕ್ಯಾಸೆಟ್ ಕೇಳಿ. ವಿಎಚ್‌ಎಸ್ ಟೇಪಿನಲ್ಲಿ ಸದ್ದಿಗೆ ಎರಡು ಜಾಗ ಇರಬಹುದು, ಅಂಚಿನ ಲೀನಿಯರ್ ಟ್ರ್ಯಾಕ್ ಮತ್ತು ಚಿತ್ರದ ಜೊತೆಗೇ ಬರೆಯುವ ಹೈ-ಫೈ ಟ್ರ್ಯಾಕ್. ಹೈ-ಫೈನಲ್ಲಿ ಶೂಟ್ ಮಾಡಿದ ಟೇಪಿಗೇ ಹಾಡು ಡಬ್ ಮಾಡಿದ್ದರೆ ಇನ್ನೂ ಒಳ್ಳೆಯದು. ಹಾಡು ಕೂರುವುದು ಲೀನಿಯರ್ ಟ್ರ್ಯಾಕ್‌ನಲ್ಲಿ, ಹೈ-ಫೈ ಟ್ರ್ಯಾಕ್‌ನಲ್ಲಿ ಬೀದಿಯ ಸದ್ದು ಹಾಗೇ ಉಳಿದಿರುತ್ತದೆ. ನನಗೆ ಒಂದರಲ್ಲಿ ಗಣಿಯ ಸೈರನ್ ಸಿಕ್ಕಿತು. ಅದು ದುಡ್ಡು ಕೊಟ್ಟರೂ ಸಿಗಲ್ಲ.

ಕಾಗದದ ವಿಷಯ. 1957ರ ಕಾಪಿರೈಟ್ ಕಾಯ್ದೆ ಪ್ರಕಾರ, ಬೇರೆ ಒಪ್ಪಂದ ಇಲ್ಲದಿದ್ದರೆ ದುಡ್ಡು ಕೊಟ್ಟು ತೆಗೆಸಿದವರೇ ಮೊದಲ ಹಕ್ಕುದಾರರು. ಹಾಗಾಗಿ ಸಹಿ ಮದುವೆ ಮನೆಯವರದ್ದು ಬೇಕು. ನಾನು ಸ್ಟುಡಿಯೋದವರದ್ದೂ ಹಾಕಿಸಿಕೊಂಡೆ. ಮನೆಗೊಂದು ಪೆನ್‌ಡ್ರೈವ್ ಕಾಪಿ ಕೊಟ್ಟೆ, ಅದಕ್ಕೇ ಪಕ್ಕದ ಮನೆಯವರೂ ಕ್ಯಾಸೆಟ್ ತಂದುಕೊಟ್ಟರು.

ಮೂಲೆಯಲ್ಲಿ ಬರುವ ತಾರೀಖು ಮಾತ್ರ ನಂಬಬೇಡಿ. ಕ್ಯಾಮೆರಾದ ಗಡಿಯಾರದ ಬ್ಯಾಟರಿ ಸತ್ತಿರುತ್ತದೆ. ಲಗ್ನಪತ್ರಿಕೆ ಕೇಳಿ.