ಮೂರು ಊರು, ಒಂದು ಫೈಲು: ಫಿಗ್ಮಾದಲ್ಲಿ ಕನ್ನಡದ ಪರದೆಗಳನ್ನು ಕೂಡಿ ಕಟ್ಟುವ ಬಗೆ

ದಾವಣಗೆರೆಯ ಕೃಷಿ ಮಾರುಕಟ್ಟೆಗೆ ಮೆಕ್ಕೆಜೋಳ ತರುವ ರೈತರು ಆ ದಿನದ ಧಾರಣೆಯನ್ನು ಮೊಬೈಲಿನಲ್ಲೇ ನೋಡಿಕೊಳ್ಳುವಂತಹ ಒಂದು ಆ್ಯಪ್‌ನ ಪರದೆಗಳನ್ನು ರೂಪಿಸುವಾಗ ನಾವು ಮೂವರು ಮೂರು ಊರುಗಳಲ್ಲಿದ್ದೆವು: ವಿನ್ಯಾಸ ಮಾಡುವ ನಾನು ದಾವಣಗೆರೆಯ ವಿದ್ಯಾನಗರದಲ್ಲಿ, ಕೋಡ್ ಬರೆಯುವ ಗೆಳೆಯ ಚಿತ್ರದುರ್ಗದಲ್ಲಿ, ಪರದೆಯ ಮೇಲಿನ ಕನ್ನಡವನ್ನು ನೋಡಿಕೊಳ್ಳುವ ಮೇಡಂ ಹರಿಹರದಲ್ಲಿ. ಪರದೆಗಳನ್ನು ವಿನ್ಯಾಸ ಮಾಡುವ ತಂತ್ರಾಂಶವಾದ ಫಿಗ್ಮಾ ಬ್ರೌಸರಿನಲ್ಲೇ ನಡೆಯುವುದರಿಂದ ಮೂವರೂ ಒಂದೇ ಫೈಲನ್ನು ಏಕಕಾಲಕ್ಕೆ ತೆರೆದಿಟ್ಟುಕೊಳ್ಳುವುದು ಕಷ್ಟವಾಗಲಿಲ್ಲ. ಆದರೆ ಒಂದೇ ಹಾಳೆಯ ಮೇಲೆ ಮೂರು ಕರ್ಸರ್‌ಗಳು ಓಡಾಡಿದ ಮಾತ್ರಕ್ಕೆ ಕೆಲಸ ಕೂಡಿ ಬರುವುದಿಲ್ಲ. ಕನ್ನಡವನ್ನು ಕೊನೆಯಲ್ಲಿ ತುಂಬಿದರಾಯಿತು ಎಂದುಕೊಂಡು ನಾನು ಮೊದಲ ಎರಡು ವಾರ ಇಂಗ್ಲಿಷ್ ಪದಗಳನ್ನಿಟ್ಟೇ ಪರದೆ ಕಟ್ಟಿದ್ದೆ. ಮೇಡಂ ಕನ್ನಡ ತುಂಬಿದ ದಿನ ಅರ್ಧಕ್ಕರ್ಧ ಪರದೆಗಳು ಕೆಟ್ಟುಹೋದವು. ಈ ಬರಹದ ಬಹುಪಾಲು ಆ ಎರಡು ವಾರಗಳನ್ನು ಉಳಿಸಿಕೊಳ್ಳುವ ಬಗ್ಗೆಯೇ ಇದೆ.

ಆದ್ದರಿಂದ ಮೊದಲ ಚೌಕ ಎಳೆಯುವ ಮುನ್ನವೇ ಫೈಲಿನಲ್ಲಿ ಒಂದು ಪುಟವನ್ನು ಪದಗಳಿಗೆಂದು ಮೀಸಲಿಡಿ, ಮತ್ತು ಆ ಪುಟವನ್ನು ಭಾಷೆ ನೋಡಿಕೊಳ್ಳುವವರ ಕೈಗೆ ಒಪ್ಪಿಸಿ. ಧಾರಣೆ, ಆವಕ, ಕನಿಷ್ಠ, ಗರಿಷ್ಠ, ಮಾದರಿ, ಕ್ವಿಂಟಾಲ್ ಎಂಬಂತಹ, ಮಾರುಕಟ್ಟೆಯ ಪಟ್ಟಿಗಳಲ್ಲಿ ಈಗಾಗಲೇ ರೂಢಿಯಲ್ಲಿರುವ ಪದಗಳು ಅಲ್ಲಿ ಮೊದಲು ನಿಲ್ಲಲಿ. ವಿನ್ಯಾಸ ಮಾಡುವವರು ಅಲ್ಲಿಂದಲೇ ಎತ್ತಿಕೊಳ್ಳಲಿ. ಹಳೆಯ ಕಡತಗಳಿಂದ ಪಠ್ಯ ತರುವಾಗ ಒಂದು ಎಚ್ಚರ ಬೇಕು. ನುಡಿ, ಬರಹ ತಂತ್ರಾಂಶಗಳ ಯುನಿಕೋಡ್ ಅಲ್ಲದ ಫಾಂಟುಗಳಲ್ಲಿ ಬರೆದಿಟ್ಟ ಪಠ್ಯವನ್ನು ಹಾಗೆಯೇ ಅಂಟಿಸಿದರೆ ಪರದೆಯ ಮೇಲೆ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳು ಮೂಡುತ್ತವೆ. ಅದನ್ನು ಪರಿವರ್ತಕದಲ್ಲಿ ಹಾಕಿ ಯುನಿಕೋಡ್‌ಗೆ ತಂದು, ಅರ್ಕಾವತ್ತುಗಳು ಸರಿಯಾದ ಜಾಗದಲ್ಲಿವೆಯೇ ಎಂದು ಒಮ್ಮೆ ಓದಿ ನೋಡಿದ ಮೇಲೆಯೇ ಫೈಲಿಗೆ ಸೇರಿಸಬೇಕು.

ಗೂಗಲ್ ಫಾಂಟ್ಸ್‌ನ ಅಕ್ಷರಗಳೆಲ್ಲ ಫಿಗ್ಮಾದಲ್ಲಿ ನೇರವಾಗಿ ಸಿಗುವುದರಿಂದ ನೋಟೊ ಸ್ಯಾನ್ಸ್ ಕನ್ನಡ, ಅನೇಕ್ ಕನ್ನಡ, ಬಲೂ ತಮ್ಮ 2 ಮುಂತಾದವನ್ನು ಯಾರೂ ತಮ್ಮ ಕಂಪ್ಯೂಟರಿಗೆ ಹಾಕಿಕೊಳ್ಳಬೇಕಾಗಿಲ್ಲ. ಮೂರೂ ಊರಿನಲ್ಲಿ ಒಂದೇ ರೂಪ ಕಾಣುತ್ತದೆ. ಬೆಣ್ಣೆ ಎಂಬ ಹೆಸರಿನ ಫಾಂಟೂ ಅಲ್ಲಿದೆ, ದಾವಣಗೆರೆಯವನಾಗಿ ಅದನ್ನೇ ಬಳಸಬೇಕೆಂಬ ಆಸೆ ನನಗಿತ್ತು, ಆದರೆ ಅಂಕಿಗಳು ತುಂಬಿದ ಪರದೆಗೆ ಕೊನೆಗೆ ಆರಿಸಿದ್ದು ಅನೇಕ್ ಅನ್ನು. ಅದರಲ್ಲಿ ದಪ್ಪವನ್ನಷ್ಟೇ ಅಲ್ಲದೆ ಅಕ್ಷರದ ಅಗಲವನ್ನೂ ಬದಲಿಸಬಹುದಾದ್ದರಿಂದ ಕಿರಿದಾದ ಕಾಲಮ್ಮಿನಲ್ಲಿ ಬಹಳ ಅನುಕೂಲ. ಫಾಂಟ್ ಯಾವುದೇ ಇರಲಿ, ಇಂಗ್ಲಿಷಿಗೆ ಹೊಂದಿಸಿದ ಸಾಲಿನ ಅಂತರ ಕನ್ನಡಕ್ಕೆ ಸಾಲುವುದಿಲ್ಲ. ಮೇಲಿನ ಸಾಲಿನ ಒತ್ತಕ್ಷರ ಕೆಳಗಿಳಿದು ಕೆಳಗಿನ ಸಾಲಿನ ಗುಡಿಸಿಗೆ ತಾಗುತ್ತದೆ. 120 ಶೇಕಡಾ ಇದ್ದಲ್ಲಿ 150ರಿಂದ ಪ್ರಾರಂಭಿಸಿ ನೋಡುವುದು ನನ್ನ ರೂಢಿ. ಪರೀಕ್ಷೆಗೆ ‘ಬೆಲೆ’ಯಂತಹ ಸಾಧು ಪದವನ್ನು ಇಡಬೇಡಿ, ‘ರಾಷ್ಟ್ರೀಕೃತ ಬ್ಯಾಂಕ್’ ಎಂದು ಎರಡು ಸಾಲಿನಲ್ಲಿ ಬರೆದು ನೋಡಿ. ಅಕ್ಷರಗಳ ನಡುವಿನ ಅಂತರವನ್ನು ಸೊನ್ನೆಯಲ್ಲೇ ಬಿಡಿ. ಈ ಎಲ್ಲ ಅಳತೆಗಳನ್ನೂ ಟೆಕ್ಸ್ಟ್ ಸ್ಟೈಲ್ ಆಗಿ ಉಳಿಸಿದರೆ, ಮುಂದೆ ಒಂದು ಕಡೆ ತಿದ್ದಿದಾಗ ಎಲ್ಲ ಪರದೆಗಳೂ ತಾವಾಗಿ ತಿದ್ದಿಕೊಳ್ಳುತ್ತವೆ.

ಇನ್ನು ಉದ್ದದ ಪ್ರಶ್ನೆ. ಪ್ರತ್ಯಯಗಳನ್ನು ಹೊತ್ತು ನಡೆಯುವ ನಮ್ಮ ಭಾಷೆಯಲ್ಲಿ ‘ನೋಂದಾಯಿಸಿಕೊಳ್ಳಿ’ ಎಂಬ ಗುಂಡಿ ಇಂಗ್ಲಿಷಿನ ಗುಂಡಿಯ ಅಳತೆಯೊಳಗೆ ಕೂರಬೇಕೆಂದು ಹಟ ಹಿಡಿಯುವುದು ವ್ಯರ್ಥ. ಇಲ್ಲಿ ಕೈ ಹಿಡಿಯುವುದು ಆಟೋ ಲೇಔಟ್. ಪಠ್ಯವನ್ನು ಆರಿಸಿ ಶಿಫ್ಟ್ ಜೊತೆ ಎ ಒತ್ತಿದರೆ ಅದರ ಸುತ್ತ ಒಂದು ಫ್ರೇಮ್ ಬರುತ್ತದೆ. ಅದರ ಅಗಲವನ್ನು ‘ಹಗ್’ ಎಂದಿಟ್ಟರೆ ಪದ ಬೆಳೆದಂತೆ ಗುಂಡಿಯೂ ಬೆಳೆಯುತ್ತದೆ, ‘ಫಿಲ್’ ಎಂದಿಟ್ಟರೆ ಸಿಕ್ಕಷ್ಟು ಜಾಗವನ್ನು ತುಂಬಿಕೊಳ್ಳುತ್ತದೆ. ಕನಿಷ್ಠ ಮತ್ತು ಗರಿಷ್ಠ ಅಗಲವನ್ನೂ ಗೊತ್ತುಪಡಿಸಬಹುದು. ನನ್ನ ಅನುಭವದಲ್ಲಿ ಗುಂಡಿಗಳಿಗೆ ‘ಹಗ್’, ಪಟ್ಟಿಯ ಸಾಲುಗಳಿಗೆ ‘ಫಿಲ್’, ಅಂಕಿಗಳ ಕಾಲಮ್ಮಿಗೆ ಮಾತ್ರ ನಿಗದಿತ ಅಗಲ ಎಂಬ ಕಟ್ಟಳೆಯನ್ನು ಮೊದಲೇ ಮಾಡಿಕೊಂಡರೆ ಮುಂದಿನ ಜಗಳಗಳು ಬಹಳಷ್ಟು ಕಡಿಮೆಯಾಗುತ್ತವೆ, ಏಕೆಂದರೆ ಮೇಡಂ ಪದ ಬದಲಿಸಿದಾಗಲೆಲ್ಲ ನನ್ನನ್ನು ಕರೆದು ಚೌಕ ಸರಿಸಲು ಹೇಳಬೇಕಾಗಿಲ್ಲ.

ಮತ್ತೆ ಮತ್ತೆ ಬರುವ ಭಾಗಗಳನ್ನು ಕಾಂಪೊನೆಂಟ್ ಮಾಡಿ. ಕಂಟ್ರೋಲ್, ಆಲ್ಟ್ ಮತ್ತು ಕೆ ಒಟ್ಟಿಗೆ ಒತ್ತಿದರೆ ಆಯಿತು. ಮೂಲ ಕಾಂಪೊನೆಂಟಿನಲ್ಲಿ ಮಾಡಿದ ಬದಲಾವಣೆ ಅದರ ಎಲ್ಲ ಪ್ರತಿಗಳಿಗೂ ಇಳಿಯುತ್ತದೆ. ಅವಸರಕ್ಕೆ ಯಾರಾದರೂ ಪ್ರತಿಯನ್ನು ‘ಡಿಟ್ಯಾಚ್’ ಮಾಡಿದರೆ ಆ ಕೊಂಡಿ ಕಳಚಿ, ಅದೊಂದು ಪರದೆ ಹಳೆಯ ರೂಪದಲ್ಲೇ ಉಳಿಯುತ್ತದೆ. ಕೇಳದೆ ಯಾರೂ ಡಿಟ್ಯಾಚ್ ಮಾಡಕೂಡದು ಎಂದು ಮೊದಲ ದಿನವೇ ಒಪ್ಪಿಕೊಳ್ಳುವುದು ಒಳ್ಳೆಯದು. ಹೆಸರಿಡುವಾಗ ‘ಗುಂಡಿ/ಮುಖ್ಯ’, ‘ಗುಂಡಿ/ಉಪ’ ಎಂದು ಓರೆಗೆರೆ ಹಾಕಿದರೆ ಫಿಗ್ಮಾ ಅವನ್ನು ತಾನೇ ಗುಂಪು ಮಾಡಿ ತೋರಿಸುತ್ತದೆ. ‘ಫ್ರೇಮ್ 247’ ಎಂಬ ಹೆಸರಿನಿಂದ ಕೋಡ್ ಬರೆಯುವವರಿಗೆ ಏನೂ ತಿಳಿಯುವುದಿಲ್ಲ.

2023ರಲ್ಲಿ ಬಂದ ವೇರಿಯಬಲ್‌ಗಳು, ಅಂದರೆ ಒಂದು ಹೆಸರು ಕೊಟ್ಟಿಟ್ಟು ಎಲ್ಲೆಡೆ ಬಳಸುವ ಪದ, ಬಣ್ಣ ಮುಂತಾದವು, ಎರಡು ಭಾಷೆಯ ಆ್ಯಪ್‌ಗೆ ಹೇಳಿ ಮಾಡಿಸಿದಂತಿವೆ. ಪ್ರತಿ ಪದವನ್ನೂ ಒಂದು ಪಠ್ಯ ವೇರಿಯಬಲ್ ಮಾಡಿ, ಕನ್ನಡಕ್ಕೊಂದು ಮೋಡ್, ಇಂಗ್ಲಿಷಿಗೊಂದು ಮೋಡ್ ಇಟ್ಟರೆ, ಪರದೆಯ ಭಾಷೆಯನ್ನು ಒಂದೇ ಆಯ್ಕೆಯಿಂದ ಬದಲಿಸಿ ಎರಡರಲ್ಲೂ ಎಲ್ಲಿ ಉಕ್ಕುತ್ತದೆ ಎಂಬುದನ್ನು ಕೂಡಲೇ ನೋಡಬಹುದು. ಒಂದಕ್ಕಿಂತ ಹೆಚ್ಚು ಮೋಡ್ ಬೇಕಾದರೆ ಹಣ ತೆರುವ ಯೋಜನೆ ಬೇಕು. ಅದಿಲ್ಲದವರು ಪುಟದ ನಕಲು ಮಾಡಿ ಕೈಯಿಂದಲೇ ತುಂಬಬೇಕಾಗುತ್ತದೆ. ಬೇಸರದ ಕೆಲಸವಾದರೂ ಹತ್ತು ಪರದೆಗಳ ಆ್ಯಪ್‌ಗೆ ಸಾಧ್ಯವಿದೆ.

ಒಟ್ಟಿಗೆ ತಿದ್ದುವಾಗ ಒಳಗೆ ನಡೆಯುವುದೇನೆಂದು ತಿಳಿದಿರಬೇಕು. ಒಬ್ಬರು ಗುಂಡಿಯ ಬಣ್ಣವನ್ನೂ ಇನ್ನೊಬ್ಬರು ಅದೇ ಗುಂಡಿಯ ಅಳತೆಯನ್ನೂ ಬದಲಿಸಿದರೆ ಎರಡೂ ಉಳಿಯುತ್ತವೆ. ಆದರೆ ಒಂದೇ ಗುಣವನ್ನು ಇಬ್ಬರೂ ಮುಟ್ಟಿದರೆ ಸರ್ವರಿಗೆ ಕೊನೆಗೆ ತಲುಪಿದ್ದು ನಿಲ್ಲುತ್ತದೆ. ಒಂದು ಪಠ್ಯದ ಪೆಟ್ಟಿಗೆಯೊಳಗಿನ ಎಲ್ಲ ಅಕ್ಷರಗಳೂ ಸೇರಿ ಒಂದೇ ಗುಣವೆಂದು ಲೆಕ್ಕವಾದ್ದರಿಂದ, ಇಬ್ಬರು ಏಕಕಾಲಕ್ಕೆ ಒಂದೇ ವಾಕ್ಯ ತಿದ್ದಿದರೆ ಒಬ್ಬರ ತಿದ್ದುಪಡಿ ಸದ್ದಿಲ್ಲದೆ ಹೋಗುತ್ತದೆ. ಕರೆಂಟು ಹೋಗಿ ನೆಟ್ ಕಡಿದಾಗ ತೆರೆದಿರುವ ಫೈಲಿನಲ್ಲಿ ಕೆಲಸ ಮುಂದುವರಿಸಬಹುದು, ನೆಟ್ ಬಂದೊಡನೆ ನಿಮ್ಮ ಬದಲಾವಣೆಗಳು ಸೇರಿಕೊಳ್ಳುತ್ತವೆ. ಆದರೆ ಆ ಒಂದು ಗಂಟೆಯಲ್ಲಿ ಬೇರೆಯವರು ಅದೇ ಸಾಲನ್ನು ತಿದ್ದಿದ್ದರೆ ನಿಮ್ಮದು ಅದರ ಮೇಲೆ ಕೂರುತ್ತದೆ. ಹಾಗಾಗಿ ನೆಟ್ ಹೋದಾಗ ನಿಮ್ಮ ಪುಟದಲ್ಲಷ್ಟೇ ಇರಿ, ಟ್ಯಾಬ್ ಮುಚ್ಚಬೇಡಿ. ಕಂಟ್ರೋಲ್ ಜೊತೆ ಝಡ್ ಒತ್ತಿದರೆ ನೀವು ಮಾಡಿದ್ದು ಮಾತ್ರ ಹಿಂದಕ್ಕೆ ಹೋಗುತ್ತದೆ, ಇತರರದ್ದಲ್ಲ. ದೊಡ್ಡ ಬದಲಾವಣೆಗೆ ಮುನ್ನ ಕಂಟ್ರೋಲ್, ಆಲ್ಟ್ ಮತ್ತು ಎಸ್ ಒತ್ತಿ ಆವೃತ್ತಿಗೊಂದು ಹೆಸರು ಕೊಟ್ಟಿಡಿ. ಉಚಿತ ಯೋಜನೆಯಲ್ಲಿ ಹಿಂದಿನ 30 ದಿನಗಳ ಇತಿಹಾಸವಷ್ಟೇ ಸಿಗುತ್ತದೆ.

ಚರ್ಚೆಯನ್ನು ವಾಟ್ಸ್ಆ್ಯಪ್‌ನಿಂದ ಹೊರತಂದು ಪರದೆಯ ಮೇಲೆಯೇ ನಡೆಸಿ. ಸಿ ಒತ್ತಿ ತಕರಾರಿರುವ ಜಾಗದಲ್ಲೇ ಕಮೆಂಟ್ ಹಾಕಿದರೆ ‘ಯಾವ ಪರದೆ, ಯಾವ ಗುಂಡಿ’ ಎಂದು ಕೇಳಿ ತಿಳಿಯುವ ಗೋಜಿಲ್ಲ. ನೋಡುವ ಅನುಮತಿ ಮಾತ್ರ ಇರುವವರೂ ಹಣ ಕೊಡದೆ ಕಮೆಂಟ್ ಹಾಕಬಹುದಾದ್ದರಿಂದ ಎಲ್ಲರಿಗೂ ತಿದ್ದುವ ಅಧಿಕಾರ ಹಂಚಬೇಕಾಗಿಲ್ಲ. ತೀರ್ಮಾನವಾದ ಕಮೆಂಟನ್ನು ಅದನ್ನು ಎತ್ತಿದವರೇ ಮುಗಿಸಬೇಕು ಎಂಬುದು ನಮ್ಮ ಕಟ್ಟಳೆ.

ಫಿಗ್ಮಾವನ್ನು 20 ಶತಕೋಟಿ ಡಾಲರಿಗೆ ಕೊಳ್ಳುವುದಾಗಿ ಅಡೋಬಿ 2022ರ ಸೆಪ್ಟೆಂಬರಿನಲ್ಲಿ ಪ್ರಕಟಿಸಿ 2023ರ ಡಿಸೆಂಬರಿನಲ್ಲಿ ಕೈಬಿಟ್ಟಿತು. ಒಂದೇ ಕಂಪನಿಯ ಮೇಲೆ ಎಲ್ಲವನ್ನೂ ಹೊರಿಸಲು ಇಷ್ಟವಿಲ್ಲದವರು ಮುಕ್ತ ತಂತ್ರಾಂಶವಾದ ಪೆನ್‌ಪಾಟ್ ಅನ್ನು ತಮ್ಮದೇ ಸರ್ವರಿನಲ್ಲಿ ನಡೆಸಬಹುದು. ಇಲ್ಲಿ ಹೇಳಿದ ಶಿಸ್ತಿನ ಬಹುಭಾಗ ಅಲ್ಲಿಗೂ ಒಪ್ಪುತ್ತದೆ.

ಕೊನೆಯ ಪರೀಕ್ಷೆ ಲ್ಯಾಪ್‌ಟಾಪಿನಲ್ಲಿ ಆಗುವಂಥದ್ದಲ್ಲ. ಅಕ್ಷರಕ್ಕೂ ಹಿನ್ನೆಲೆಗೂ ಕನಿಷ್ಠ 4.5ಕ್ಕೆ 1ರ ಹೊಳಪಿನ ವ್ಯತ್ಯಾಸ, ಆಂಡ್ರಾಯ್ಡ್‌ನಲ್ಲಿ ಬೆರಳು ತಾಗುವ ಜಾಗಕ್ಕೆ 48 ಡಿಪಿ (ಪರದೆಯ ಸಾಂದ್ರತೆಗೆ ತಕ್ಕಂತೆ ಹೊಂದಿಕೊಳ್ಳುವ ಅಳತೆ) ಎಂಬ ಅಳತೆಗಳನ್ನು ಪಾಲಿಸಿ, ಫಿಗ್ಮಾದ ಮೊಬೈಲ್ ಆ್ಯಪ್‌ನಲ್ಲಿ ಪ್ರೋಟೊಟೈಪ್ (ಒತ್ತಿ ನೋಡಬಹುದಾದ ಮಾದರಿ) ತೆರೆದುಕೊಂಡು ಬಳಕೆಯ ಜಾಗಕ್ಕೇ ಹೋಗಬೇಕು. ನಾನು ತಿಳಿ ಬೂದು ಬಣ್ಣದಲ್ಲಿ ಅಂದವಾಗಿ ಬರೆದಿಟ್ಟಿದ್ದ ಆವಕದ ಸಾಲು ಮಾರುಕಟ್ಟೆಯ ಪ್ರಾಂಗಣದ ಮಧ್ಯಾಹ್ನದ ಬಿಸಿಲಿಗೆ ಕಾಣಲೇ ಇಲ್ಲ. ಜೋಳದ ಚೀಲಗಳ ಪಕ್ಕದಿಂದ ಚಿತ್ರದುರ್ಗಕ್ಕೆ ಫೋನು ಮಾಡಿದೆ. ಗೆಳೆಯ ಆ ಬಣ್ಣದ ವೇರಿಯಬಲ್ ಒಂದನ್ನು ಗಾಢವಾಗಿಸಿದ, ನನ್ನ ಕೈಯಲ್ಲಿದ್ದ ಪರದೆಯ ಮೇಲೆ ಆವಕದ ಅಂಕಿಗಳು ಎದ್ದು ಕಂಡವು.