ಪಾತ್ರಗಳ ಪಹಣಿ: ಮಕ್ಕಳ ಟಿ.ವಿ. ಕಂಪನಿಯೊಂದರ ಚರಿತ್ರೆ ಬರೆದ ಅನುಭವ

ಮಕ್ಕಳ ಕಾರ್ಟೂನುಗಳಿಗೆ ಕನ್ನಡ ಸಂಭಾಷಣೆ ಬರೆಯುವುದು ನನ್ನ ಕಸುಬು. ಪಾತ್ರದ ತುಟಿ ಎಷ್ಟು ಹೊತ್ತು ಅಲುಗುತ್ತದೋ ಅಷ್ಟೇ ಉದ್ದದ ಮಾತು ಕೂರಿಸಿಕೊಟ್ಟರೆ ಕಂತಿಗೆ ಇಷ್ಟು ಎಂದು ಹಣ ಬರುತ್ತದೆ, ಅಲ್ಲಿಗೆ ಲೆಕ್ಕ ಚುಕ್ತಾ. ಅದೇ ಪಾತ್ರದ ಚಿತ್ರವಿರುವ ಊಟದ ಡಬ್ಬಿ, ಶಾಲೆಯ ಚೀಲ, ಆಟಿಕೆಗಳು ಮಾತ್ರ ಅಂಗಡಿಗಳಲ್ಲಿ ವರ್ಷಗಟ್ಟಲೆ ಮಾರಾಟವಾಗುತ್ತಲೇ ಇರುತ್ತವೆ. ಆ ಹಣ ಯಾರ ಮನೆಗೆ ಹೋಗುತ್ತದೆ, ಯಾವ ದಾರಿಯಲ್ಲಿ ಹೋಗುತ್ತದೆ ಎಂದು ಬೇರು ಸಮೇತ ತಿಳಿಯಬೇಕು ಅನ್ನಿಸಿದಾಗ ನಾನು ಕೈಗೆತ್ತಿಕೊಂಡದ್ದು ಲಂಡನ್ನಿನ ಹಿಟ್ ಎಂಟರ್‌ಟೈನ್‌ಮೆಂಟ್ ಕಂಪನಿಯ ಚರಿತ್ರೆ. ಬಾಬ್ ದ ಬಿಲ್ಡರ್, ಬಾರ್ನಿ, ಪಿಂಗು, ಥಾಮಸ್ ರೈಲು ಎಂಬ ಮಕ್ಕಳ ಟಿ.ವಿ. ಪಾತ್ರಗಳೆಲ್ಲವೂ ಒಂದಲ್ಲ ಒಂದು ಕಾಲದಲ್ಲಿ ಇದರ ಸೊತ್ತಾಗಿದ್ದವು.

ಈ ಕಂಪನಿಯನ್ನೇ ಆರಿಸಿಕೊಳ್ಳಲು ಮುಖ್ಯ ಕಾರಣ ಕಾಗದಪತ್ರ. ಅದು 1990ರ ದಶಕದಲ್ಲಿ ಲಂಡನ್ ಷೇರುಪೇಟೆಗೆ ಹೋಯಿತು. ಷೇರುಪೇಟೆಯಲ್ಲಿರುವ ಕಂಪನಿ ತನ್ನ ಲೆಕ್ಕವನ್ನು ಊರಿಗೆಲ್ಲ ತೋರಿಸಲೇಬೇಕು. ಬ್ರಿಟನ್ನಿನ ಕಂಪನಿ ನೋಂದಣಿ ಕಚೇರಿ 2015ರಿಂದ ತನ್ನ ಡಿಜಿಟಲ್ ಕಡತಗಳನ್ನು ಪುಕ್ಕಟೆಯಾಗಿ ತೆರೆದಿಟ್ಟಿದೆ. ಮನೆಯಲ್ಲೇ ಕುಳಿತು ವಾರ್ಷಿಕ ವರದಿ, ನಿರ್ದೇಶಕರ ಬದಲಾವಣೆ, ಸಾಲಕ್ಕೆ ಅಡವಿಟ್ಟ ಆಸ್ತಿಯ ವಿವರ ಎಲ್ಲವನ್ನೂ ಇಳಿಸಿಕೊಳ್ಳಬಹುದು. ನಮ್ಮಲ್ಲಿ ಮಕ್ಕಳ ಟಿ.ವಿ.ಯ ಬಗ್ಗೆ ಇಂಥ ಕೆಲಸ ಮಾಡಬಯಸುವವರಿಗೆ ಮೊದಲ ಮಾತಾಗಿ ಹೇಳುತ್ತೇನೆ: ಸಂದರ್ಶನಕ್ಕೆ ಓಡುವ ಮೊದಲು ಕಡತ ಓದಿ. ಇಪ್ಪತ್ತು ವರ್ಷದ ಹಿಂದಿನ ನೆನಪು ದಾರಿ ತಪ್ಪಿಸಬಹುದು, ಆ ವರ್ಷವೇ ಸಹಿ ಹಾಕಿದ ಕಾಗದ ಅಷ್ಟು ಸುಲಭವಾಗಿ ತಪ್ಪಿಸುವುದಿಲ್ಲ.

ಎರಡನೆಯದಾಗಿ, ಕಾರ್ಯಕ್ರಮಗಳ ಪಟ್ಟಿಯಿಂದ ಶುರು ಮಾಡಬಾರದು. ಯಾವ ವರ್ಷ ಯಾವ ಧಾರಾವಾಹಿ ಬಂತು ಎಂದು ಸಾಲಾಗಿ ಬರೆದರೆ ಅಭಿಮಾನಿಗಳ ಪುಟವಾಗುತ್ತದೆ, ವ್ಯವಹಾರದ ಚರಿತ್ರೆಯಾಗುವುದಿಲ್ಲ. ನಾನು ಪ್ರತಿ ಪಾತ್ರಕ್ಕೂ ಜಮೀನಿನ ಪಹಣಿಯಂಥ ಒಂದು ಹಾಳೆ ಮಾಡಿದೆ. ಪಹಣಿಯ 9ನೇ ಕಾಲಂನಲ್ಲಿ ಒಡೆಯನ ಹೆಸರಿರುತ್ತದೆ, 11ರಲ್ಲಿ ಋಣ, 12ರಲ್ಲಿ ಸಾಗುವಳಿ. ಹಾಗೆಯೇ ಪಾತ್ರದ ಹಕ್ಕು ಯಾರದು, ಅದರ ಮೇಲೆ ಸಾಲ ಎಷ್ಟು, ಕಾರ್ಯಕ್ರಮ ತಯಾರಿಸುವವರು ಯಾರು, ಆಟಿಕೆ ಮಾಡುವವರು ಯಾರು ಎಂದು ಬೇರೆ ಬೇರೆ ಬರೆದುಕೊಂಡೆ. ಕೈ ಬದಲಾದಾಗಲೆಲ್ಲ ಮ್ಯುಟೇಷನ್ನಿನಂತೆ ಒಂದು ಹೊಸ ಸಾಲು. ಇಡೀ ಪುಸ್ತಕ ನಿಂತಿರುವುದು ಈ ಹಾಳೆಗಳ ಮೇಲೆ.

ಹಿಟ್ ಕಂಪನಿಯ ಮೊದಲ ಹಾಳೆಯಲ್ಲಿ ಒಡೆತನದ ಕಾಲಂ ಹೆಚ್ಚುಕಡಿಮೆ ಖಾಲಿ. 1982ರಲ್ಲಿ ಅದು ಹುಟ್ಟಿದ್ದು ಮಪೆಟ್ ಬೊಂಬೆಗಳ ಜಿಮ್ ಹೆನ್ಸನ್ ಅವರ ಸಂಸ್ಥೆಯ ಮಾರಾಟ ವಿಭಾಗವಾಗಿ. ಪೀಟರ್ ಆರ್ಟನ್ ಅದರ ಮುಖ್ಯಸ್ಥರು. ಅದಕ್ಕೂ ಮೊದಲು ಅವರು ಅಮೆರಿಕದ ‘ಸೆಸಮೆ ಸ್ಟ್ರೀಟ್’ ಕಾರ್ಯಕ್ರಮವನ್ನು ಹೊರದೇಶಗಳಿಗೆ ಮಾರುತ್ತಿದ್ದವರು. 1989ರಲ್ಲಿ ಹೆನ್ಸನ್ ತಮ್ಮ ಸಂಸ್ಥೆಯನ್ನು ಡಿಸ್ನಿಗೆ ಕೊಡುವ ಮಾತುಕತೆ ನಡೆಸುತ್ತಿದ್ದಾಗ, ಆರ್ಟನ್ ಈ ವಿಭಾಗವನ್ನು ಪ್ರತ್ಯೇಕಿಸಿ ಸ್ವತಂತ್ರ ಕಂಪನಿ ಮಾಡಿಕೊಂಡರು. ಕೈಯಲ್ಲಿದ್ದದ್ದು ಜಗತ್ತಿನ ಟಿ.ವಿ. ವಾಹಿನಿಗಳ ಪರಿಚಯ, ಮಾರಾಟದ ಪಳಗಿದ ಕೈ. ಬೇರೆಯವರ ಕಾರ್ಯಕ್ರಮ ಮಾರಿ ಕಮಿಷನ್ ಪಡೆಯುವ ವ್ಯಾಪಾರ ಹೊಟ್ಟೆ ತುಂಬಿಸುತ್ತದೆ, ಆದರೆ ಕಾರ್ಯಕ್ರಮ ಗೆದ್ದಾಗ ದೊಡ್ಡ ಪಾಲು ಹಕ್ಕುದಾರನದೇ. ಮುಂದಿನ ಹದಿನೈದು ವರ್ಷ ಈ ಕಂಪನಿ ಮಾಡಿದ್ದೆಲ್ಲ ಆ ಖಾಲಿ ಕಾಲಂ ತುಂಬುವ ಯತ್ನವೆಂದೇ ನಾನು ಓದುತ್ತೇನೆ.

ಬಾಬ್ ದ ಬಿಲ್ಡರ್ ಬಂದದ್ದು 1999ರಲ್ಲಿ, ಬಿ.ಬಿ.ಸಿ.ಯಲ್ಲಿ. ಕೀತ್ ಚಾಪ್ಮನ್ ಸೃಷ್ಟಿಸಿದ ಪಾತ್ರ. ಬೊಂಬೆಗಳನ್ನು ಕೂದಲೆಳೆಯಷ್ಟು ಸರಿಸುತ್ತಾ ಒಂದೊಂದೇ ಚಿತ್ರ ತೆಗೆಯುವ ಕೆಲಸವನ್ನು ಹಿಟ್ ಕಂಪನಿಯದೇ ಸ್ಟುಡಿಯೊ ಮಾಡಿತು. ಮರುವರ್ಷದ ಕ್ರಿಸ್ಮಸ್‌ಗೆ ಬಾಬ್‌ನ ಹಾಡು ಬ್ರಿಟನ್ನಿನ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು. ಷೇರುಪೇಟೆ ಹಿಗ್ಗಿತು, ಆ ಹಿಗ್ಗಿನ ಬಲದಲ್ಲಿ ಕಂಪನಿ ಖರೀದಿಗೆ ಇಳಿಯಿತು. 2001ರಲ್ಲಿ ಬಾರ್ನಿಯ ಒಡೆಯನಾದ ಅಮೆರಿಕದ ಲಿರಿಕ್ ಸ್ಟುಡಿಯೋಸ್ 27.5 ಕೋಟಿ ಡಾಲರಿಗೆ, ಅದೇ ವರ್ಷ ಪಿಂಗು, 2002ರಲ್ಲಿ ಥಾಮಸ್‌ನ ಒಡೆಯನಾದ ಗಲೇನ್ ಎಂಟರ್‌ಟೈನ್‌ಮೆಂಟ್ 13.9 ಕೋಟಿ ಪೌಂಡಿಗೆ. ಗಲೇನ್ ಜೊತೆಗೆ ಗಿನ್ನೆಸ್ ವಿಶ್ವ ದಾಖಲೆಗಳ ಸಂಸ್ಥೆಯೂ ಬಂತು. ನಾವು ಚಿಕ್ಕಂದಿನಲ್ಲಿ ಶಾಲೆಯ ಗ್ರಂಥಾಲಯದಲ್ಲಿ ಮುಗಿಬಿದ್ದು ನೋಡುತ್ತಿದ್ದ ಆ ದಪ್ಪ ಪುಸ್ತಕ ಕೆಲವು ವರ್ಷ ಮಕ್ಕಳ ಟಿ.ವಿ. ಕಂಪನಿಯೊಂದರ ಸೊತ್ತಾಗಿತ್ತು ಎಂಬುದು ಕಡತ ಓದದಿದ್ದರೆ ನನಗೆ ತಿಳಿಯುತ್ತಲೇ ಇರಲಿಲ್ಲ. 2008ರಲ್ಲಿ ಅದನ್ನು ಕೆನಡಾದ ಜಿಮ್ ಪ್ಯಾಟಿಸನ್ ಸಮೂಹಕ್ಕೆ ಮಾರಲಾಯಿತು.

ಥಾಮಸ್‌ನ ಹಾಳೆ ಎಲ್ಲಕ್ಕಿಂತ ಉದ್ದದ್ದು, ನನಗೆ ಪಾಠ ಹೇಳಿದ್ದೂ ಅದೇ. ರೆವರೆಂಡ್ ಆಡ್ರಿ ಅವರ ರೈಲು ಕಥೆಗಳ ಮೊದಲ ಪುಸ್ತಕ 1945ರದು. ಬ್ರಿಟ್ ಆಲ್‌ಕ್ರಾಫ್ಟ್ ಎಂಬ ನಿರ್ಮಾಪಕಿ ಟಿ.ವಿ. ಹಕ್ಕು ಪಡೆದು 1984ರಲ್ಲಿ ಧಾರಾವಾಹಿ ತಂದರು. ಕಥೆ ಹೇಳಿದವರು ಬೀಟಲ್ಸ್ ತಂಡದ ರಿಂಗೊ ಸ್ಟಾರ್. ಆದರೆ ಪುಸ್ತಕಗಳ ಹಕ್ಕು ಪ್ರಕಾಶಕರ ಬಳಿಯೇ ಉಳಿದಿತ್ತು. ಅಂದರೆ ಒಂದೇ ರೈಲಿಗೆ ಇಬ್ಬರು ಹಕ್ಕುದಾರರು. 1998ರಲ್ಲಿ ಆಲ್‌ಕ್ರಾಫ್ಟ್ ಕಂಪನಿ 1.35 ಕೋಟಿ ಪೌಂಡ್ ಕೊಟ್ಟು ಪುಸ್ತಕಗಳ ಹಕ್ಕನ್ನೂ ಕೊಂಡಿತು. ಪತ್ರಿಕೆಗಳಲ್ಲಿ ಮೂಲೆಯ ಸುದ್ದಿಯಾಗುವಂಥ ಈ ವ್ಯವಹಾರವೇ ನನ್ನ ಲೆಕ್ಕದಲ್ಲಿ ಥಾಮಸ್‌ನ ಚರಿತ್ರೆಯ ಅತಿ ಮುಖ್ಯ ಘಟನೆ, ಧಾರಾವಾಹಿಯ ಆರಂಭಕ್ಕಿಂತಲೂ ಮುಖ್ಯ. 2000ದಲ್ಲಿ ಬಂದ ಸಿನಿಮಾ ಸೋತಿತು, ಆಲ್‌ಕ್ರಾಫ್ಟ್ ತಮ್ಮ ಕಂಪನಿಯಿಂದ ಹೊರನಡೆದರು, ಕಂಪನಿಯ ಹೆಸರು ಗಲೇನ್ ಎಂದಾಯಿತು. ಇಷ್ಟಾದರೂ ಹಕ್ಕು ಒಂದೇ ಕಡೆ ಇದ್ದುದರಿಂದ ಎರಡೇ ವರ್ಷದಲ್ಲಿ ಅಷ್ಟು ದೊಡ್ಡ ಬೆಲೆ ಸಿಕ್ಕಿತು.

ಇನ್ನು ಲೆಕ್ಕಪತ್ರ ಓದುವ ಬಗೆ. ಕಾರ್ಯಕ್ರಮ ತಯಾರಿಕೆಗೆ ಸುರಿದ ಹಣ ಅದೇ ವರ್ಷದ ಖರ್ಚಾಗಿ ಕಾಣಿಸುವುದಿಲ್ಲ. ಅದು ಆಸ್ತಿಯ ಪಟ್ಟಿಯಲ್ಲಿ ಕೂತು ವರ್ಷ ವರ್ಷ ಇಷ್ಟಿಷ್ಟು ಕರಗುತ್ತದೆ. 4 ಕೋಟಿ ರೂಪಾಯಿಯ ಧಾರಾವಾಹಿ ಎಂದಿಟ್ಟುಕೊಳ್ಳಿ. ಎರಡು ವರ್ಷದಲ್ಲಿ ಕರಗಿಸಿದರೆ ವರ್ಷಕ್ಕೆ 2 ಕೋಟಿ ಖರ್ಚು. ಎಂಟು ವರ್ಷದಲ್ಲಿ ಕರಗಿಸಿದರೆ 50 ಲಕ್ಷ. ಅದೇ ಕಂಪನಿ, ಅದೇ ಕಾರ್ಯಕ್ರಮ, ಲಾಭ ಮಾತ್ರ ಬೇರೆ. ಹಾಗಾಗಿ ನಾನು ಲಾಭ-ನಷ್ಟದ ಪುಟಕ್ಕಿಂತ ಮೊದಲು ವರದಿಯ ಹಿಂಭಾಗದ ಲೆಕ್ಕನೀತಿಯ ಟಿಪ್ಪಣಿ ಓದುತ್ತೇನೆ. ಆಟಿಕೆಯ ಆದಾಯವನ್ನೂ ಹೀಗೇ ಬಿಡಿಸಬೇಕು. ಆಟಿಕೆ ತಯಾರಕ ಸಾಮಾನ್ಯವಾಗಿ ಮುಂಗಡವಾಗಿ ಒಂದು ಖಾತರಿ ಮೊತ್ತ ಕೊಟ್ಟು, ಮಾರಾಟ ಅದನ್ನು ಮೀರಿದ ಮೇಲೆ ರಾಯಲ್ಟಿ ಕೊಡುತ್ತಾನೆ. ಆ ಮೊತ್ತವನ್ನು ಯಾವ ವರ್ಷದ ಆದಾಯವೆಂದು ಬರೆದುಕೊಂಡರು ಎಂಬುದನ್ನು ನೋಡದೆ ‘ಆ ವರ್ಷ ಆದಾಯ ಏರಿತು’ ಎಂದು ಬರೆಯುವುದು ಓದುಗರಿಗೆ ಮಾಡುವ ಅನ್ಯಾಯ.

ಪರವಾನಗಿ ಕೊಟ್ಟು ಕೂರುವ ವ್ಯಾಪಾರಕ್ಕೆ ಅಪಾಯವೂ ಇದೆ. 2007ರಲ್ಲಿ, ಚೀನಾದಲ್ಲಿ ತಯಾರಾದ ಥಾಮಸ್ ಮರದ ಆಟಿಕೆಗಳ ಬಣ್ಣದಲ್ಲಿ ಸೀಸ ಪತ್ತೆಯಾಗಿ, ಪರವಾನಗಿ ಪಡೆದಿದ್ದ ಆರ್‌ಸಿ2 ಕಂಪನಿ ಸುಮಾರು 15 ಲಕ್ಷ ಆಟಿಕೆಗಳನ್ನು ವಾಪಸು ಕರೆಸಿತು. ಹಿಟ್ ಅವುಗಳನ್ನು ತಯಾರಿಸಿರಲಿಲ್ಲ. ಆದರೆ ಪೆಟ್ಟಿಗೆಯ ಮೇಲೆ ನಗುತ್ತಿದ್ದದ್ದು ಥಾಮಸ್. ಮಗುವಿನ ತಾಯಿಗೆ ಗೊತ್ತಿದ್ದ ಹೆಸರು ಅದೊಂದೇ. ಈ ಅಧ್ಯಾಯ ಬರೆಯುವಾಗ ನನಗೆ ಸಿಟ್ಟು ಬಂದಿತ್ತು, ಅದನ್ನು ಪುಸ್ತಕದಲ್ಲಿ ಮುಚ್ಚಿಟ್ಟಿಲ್ಲ. ಮಗು ಬಾಯಿಗಿಡುವ ವಸ್ತುವಿನ ಮೇಲೆ ಹೆಸರು ಬಾಡಿಗೆಗೆ ಕೊಟ್ಟವನಿಗೆ ಹೊಣೆಯಿಲ್ಲ ಎನ್ನಲಾಗದು.

2005ರಲ್ಲಿ ಏಪ್ಯಾಕ್ಸ್ ಎಂಬ ಹೂಡಿಕೆ ಸಂಸ್ಥೆ 48.94 ಕೋಟಿ ಪೌಂಡಿಗೆ ಹಿಟ್ ಕಂಪನಿಯನ್ನು ಕೊಂಡು ಷೇರುಪೇಟೆಯಿಂದ ಹೊರತೆಗೆಯಿತು. ಚರಿತ್ರೆ ಬರೆಯುವವನಿಗೆ ಇಲ್ಲಿಂದ ಬೇಸಿಗೆ: ಷೇರುಪೇಟೆಯ ಪ್ರಕಟಣೆಗಳು ನಿಲ್ಲುತ್ತವೆ. ಮುಂದಿನ ವರ್ಷಗಳಿಗೆ ಅಡಮಾನದ ಕಡತಗಳನ್ನೂ, ಬಳಿಕ ಕೊಂಡವರ ವರದಿಗಳನ್ನೂ ನೆಚ್ಚಿಕೊಂಡೆ. ಬಾರ್ಬಿಯ ಮ್ಯಾಟೆಲ್ ಕಂಪನಿ 2011ರಲ್ಲಿ 68 ಕೋಟಿ ಡಾಲರಿಗೆ ಒಪ್ಪಂದ ಮಾಡಿಕೊಂಡು ಮರುವರ್ಷ ವಶಕ್ಕೆ ಪಡೆಯಿತು. ಅದು ಅಮೆರಿಕದ ಷೇರು ನಿಯಂತ್ರಕರಿಗೆ ಸಲ್ಲಿಸಿದ ವಾರ್ಷಿಕ ವರದಿಗಳಲ್ಲಿ ಈ ಖರೀದಿಯ ಲೆಕ್ಕವಿದೆ. ಹಿಟ್ ಎಂಬ ಹೆಸರು 2016ರಲ್ಲಿ ಮ್ಯಾಟೆಲ್‌ನೊಳಗೆ ಕರಗಿಹೋಯಿತು.

ಕಂಪನಿ ಮುಗಿದರೂ ಹಾಳೆಗಳು ಮುಗಿದಿಲ್ಲ. ಈಗ ಪಿಂಗುವಿನ ಹಾಳೆ ಮುಂದುವರಿಸುತ್ತಿದ್ದೇನೆ. ಸ್ವಿಟ್ಜರ್ಲೆಂಡಿನಲ್ಲಿ ಜೇಡಿಮಣ್ಣಿನಲ್ಲಿ ಹುಟ್ಟಿದ ಈ ಪೆಂಗ್ವಿನ್‌ನ ಹೊಸ ಸರಣಿ 2017ರಲ್ಲಿ ಬಂದದ್ದು ಜಪಾನಿನಿಂದ. ಒಡೆತನದ ಕಾಲಂನಲ್ಲಿ ಮ್ಯಾಟೆಲ್, ಸಾಗುವಳಿಯ ಕಾಲಂನಲ್ಲಿ ಟೋಕಿಯೊದ ಪಾಲಿಗಾನ್ ಪಿಕ್ಚರ್ಸ್. ಅಲ್ಲಿನ ಕಡತಗಳನ್ನು ಓದಲು ಜಪಾನಿ ಬಲ್ಲ ಕನ್ನಡಿಗರೊಬ್ಬರ ನೆರವು ಬೇಕಾಗಿದೆ; ಹುಡುಕುತ್ತಿದ್ದೇನೆ.