ಸಹಕಾರಿ ಬ್ಯಾಂಕಿನಲ್ಲಿ ಅಂಗವೈಕಲ್ಯದ ನೆಪ: ನೌಕರಿ ಉಳಿಸಿಕೊಳ್ಳುವುದು ಹೇಗೆ?

ಅಪಘಾತದಲ್ಲಿ ಕಾಲು ಕಳೆದುಕೊಂಡ ಕ್ಯಾಷಿಯರ್ ಒಬ್ಬರು ರಜೆ ಮುಗಿಸಿ ಕೆಲಸಕ್ಕೆ ಬರುತ್ತಾರೆ ಎಂದುಕೊಳ್ಳಿ. ‘ಸುಮ್ನೆ ಯಾಕೆ ಕಷ್ಟಪಡ್ತೀರಿ? ರಾಜೀನಾಮೆ ಬರೆದುಕೊಡಿ, ಬರಬೇಕಾದ ದುಡ್ಡು ಬೇಗ ಕೊಡಿಸ್ತೀವಿ’ ಎನ್ನುತ್ತಾರೆ ಮೇಲಿನವರು. ದಯವಿಟ್ಟು ಆ ಕಾಗದಕ್ಕೆ ಸಹಿ ಹಾಕಬೇಡಿ. ಹಾಕಿದರೆ ನಾಳೆ ‘ಅವರೇ ಬಿಟ್ಟು ಹೋದರು’ ಎನ್ನುವುದು ಬ್ಯಾಂಕಿಗೆ ಸುಲಭವಾಗುತ್ತದೆ.

ಮೊದಲು ಯುಡಿಐಡಿ ಕಾರ್ಡ್‌ಗೆ (ವಿಕಲಚೇತನರ ವಿಶಿಷ್ಟ ಗುರುತಿನ ಚೀಟಿ) ಅರ್ಜಿ ಹಾಕಿ.

ಆಮೇಲೆ ನಿಮ್ಮ ಬ್ಯಾಂಕ್ ಯಾವ ಬಗೆಯದು ಎಂದು ನೋಡಿ. ಇಂಥ ಕೇಸುಗಳಲ್ಲಿ ಜಾಸ್ತಿ ಜಗಳ ನಡೆಯುವುದೇ ಇಲ್ಲಿ. ವಿಕಲಚೇತನರ ಹಕ್ಕುಗಳ ಕಾಯ್ದೆ–2016 ಸಹಕಾರ ಸಂಘಗಳನ್ನು ‘ಖಾಸಗಿ ಸಂಸ್ಥೆ’ಯ ಪಟ್ಟಿಯಲ್ಲಿ ಹೆಸರಿಸಿದೆ. ಆದರೆ ಸರ್ಕಾರದ ಒಡೆತನ, ಹಿಡಿತ ಅಥವಾ ನೆರವು ಇರುವ ಸಂಸ್ಥೆಯನ್ನು ‘ಸರ್ಕಾರಿ ಸಂಸ್ಥೆ’ ಎಂದೂ ಹೇಳಿದೆ. ಹಾಗಾಗಿ ಬ್ಯಾಂಕಿನ ವಾರ್ಷಿಕ ವರದಿ ತೆಗೆದು, ಆಸ್ತಿ-ಜವಾಬ್ದಾರಿ ಪಟ್ಟಿಯ ಷೇರು ಬಂಡವಾಳದ ಸಾಲು ನೋಡಿ. ಸರ್ಕಾರದ ಷೇರು, ಅನುದಾನ, ಆಡಳಿತ ಮಂಡಳಿಗೆ ನಾಮನಿರ್ದೇಶನ ಕಂಡರೆ ಪ್ರತಿ ಇಟ್ಟುಕೊಳ್ಳಿ. ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಮೇಲ್ವಿಚಾರಣೆ ಇದೆ ಎಂದಷ್ಟೇ ಹೇಳಿದರೆ ಸಾಲದು. 2013ರ ತಲಪ್ಪಲಂ ಸಹಕಾರಿ ಬ್ಯಾಂಕ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿತು. ಅದು ಮಾಹಿತಿ ಹಕ್ಕಿನ ಪ್ರಕರಣ, ಆದರೂ ಬ್ಯಾಂಕಿನ ವಕೀಲರು ಅದನ್ನು ಎತ್ತುತ್ತಾರೆ.

ಸರ್ಕಾರಿ ಸಂಸ್ಥೆ ಎಂದಾದರೆ 2016ರ ಆ ಕಾಯ್ದೆಯ ಸೆಕ್ಷನ್ 20(4) ನಿಮ್ಮ ಕೈಯಲ್ಲಿದೆ. ಸೇವೆಯಲ್ಲಿದ್ದಾಗ ಅಂಗವೈಕಲ್ಯ ಬಂದರೆ ಕೆಲಸದಿಂದ ತೆಗೆಯುವಂತಿಲ್ಲ, ಹುದ್ದೆ ಇಳಿಸುವಂತಿಲ್ಲ. ಅದೇ ಸಂಬಳಕ್ಕೆ ಬೇರೆ ಹುದ್ದೆ ಕೊಡಬೇಕು. ಅದೂ ಇಲ್ಲದಿದ್ದರೆ ಹೆಚ್ಚುವರಿ ಹುದ್ದೆ ಸೃಷ್ಟಿಸಿ ಇಟ್ಟುಕೊಳ್ಳಬೇಕು. ನೇಮಕಾತಿಯಲ್ಲಿ ಶೇ 4ರ ಮೀಸಲಾತಿಯೂ ಇಂಥ ಸಂಸ್ಥೆಗಳಿಗೇ. ಅದಕ್ಕೆ ಕನಿಷ್ಠ ಶೇ 40ರ ಅಂಗವೈಕಲ್ಯ ಇರಬೇಕು.

ಖಾಸಗಿ ಎಂದಾದರೂ ಕೈಚೆಲ್ಲಬೇಡಿ. 20 ಅಥವಾ ಹೆಚ್ಚು ನೌಕರರಿದ್ದರೆ ಬ್ಯಾಂಕಿನ ಸಮಾನ ಅವಕಾಶ ನೀತಿಯಲ್ಲಿ ವಿಕಲಚೇತನರಿಗೆ ಸೂಕ್ತವಾದ ಹುದ್ದೆಗಳ ಪಟ್ಟಿ, ಸೌಲಭ್ಯಗಳ ವಿವರ ಇರಲೇಬೇಕು. ಅದರ ಪ್ರತಿ ಕೇಳಿ. ಎಷ್ಟೋ ಕಡೆ ಆ ನೀತಿಯೇ ಇರುವುದಿಲ್ಲ, ಅದೂ ನಿಮ್ಮ ವಾದಕ್ಕೆ ಬಲ.

ಈಗ ಅರ್ಜಿ. ‘ಕೌಂಟರ್‌ನಲ್ಲಿ ನಿಲ್ಲಲು ಆಗದು, ಕುಳಿತು ಮಾಡುವ ಸಾಲ ವಿಭಾಗದ ಕೆಲಸ ಕೊಡಿ’ ಎಂದು ನೇರವಾಗಿ ಬರೆಯಿರಿ. ಟಪಾಲು ವಿಭಾಗದಲ್ಲಿ ನಿಮ್ಮ ಪ್ರತಿಯ ಮೇಲೆ ತಾರೀಕಿನ ಸೀಲು ಹಾಕಿಸಿಕೊಳ್ಳಿ. ಹಾಕದಿದ್ದರೆ ಸ್ಪೀಡ್ ಪೋಸ್ಟ್ ಮಾಡಿ. ನಿರಾಕರಿಸಿದರೆ ಲಿಖಿತ ಹಿಂಬರಹ ಕೇಳಿ. ಬಾಯಿಮಾತಿನ ‘ಆಗಲ್ಲ’ ಕೋರ್ಟಿನಲ್ಲಿ ನಿಲ್ಲುವುದು ಕಷ್ಟ.

ಉತ್ತರ ಬಾರದಿದ್ದರೆ ವಿಕಲಚೇತನರ ರಾಜ್ಯ ಆಯುಕ್ತರಿಗೆ ದೂರು ಕೊಡಿ. ಅವರ ಶಿಫಾರಸಿನ ಮೇಲೆ ಏನು ಕ್ರಮ ಆಯಿತೆಂದು ಬ್ಯಾಂಕ್ 3 ತಿಂಗಳಲ್ಲಿ ತಿಳಿಸಬೇಕು. ಆದರೆ ವಜಾ ಆದೇಶಕ್ಕೆ ತಡೆ ಬೇಕಿದ್ದರೆ ಇದನ್ನೇ ನಂಬಿ ಕೂರಬೇಡಿ. ಕರ್ನಾಟಕದಲ್ಲಿ ಸಹಕಾರ ಸಂಘಗಳ ಕಾಯ್ದೆ–1959ರ ಸೆಕ್ಷನ್ 70ರಡಿ ನಿಬಂಧಕರ ಮುಂದೆ ದಾವೆ ಹೂಡಬಹುದು. ಬ್ಯಾಂಕ್ ಸರ್ಕಾರಿ ಸಂಸ್ಥೆ ಎನ್ನಲು ದಾಖಲೆ ಗಟ್ಟಿಯಿದ್ದರೆ ಹೈಕೋರ್ಟಿನ ರಿಟ್ ದಾರಿಯನ್ನೂ ವಕೀಲರ ಹತ್ತಿರ ಕೇಳಿ. ಹೋಗುವಾಗ ಸೀಲು ಹಾಕಿಸಿದ ಆ ಪ್ರತಿ ಮತ್ತು ವಾರ್ಷಿಕ ವರದಿ ಎರಡೂ ಜೊತೆಗಿರಲಿ.